ಹಸಿ ಮರಕ್ಕೆ ಬಡ್ಡಿ

ಬ್ಯಾಂಕಿನ ತಪಾಸಣಾ ನಮೂನೆಯಲ್ಲಿ ಮರಕ್ಕೆ ಎರಡೇ ಕಾಲಂ ಇದ್ದವು: ಕಚ್ಚಾ ಸರಕು, ಸಿದ್ಧ ಸರಕು. ಹಸಿ ಎಷ್ಟು, ಒಣಗಿದ್ದೆಷ್ಟು ಎಂದು ಬರೆಯಲು ಜಾಗವಿರಲಿಲ್ಲ. ಸಾಲ ತೆಗೆದುಕೊಂಡವರ ಹಿತ್ತಲಿಗೆ ಹೋಗಿ, ಅಟ್ಟಿ ಎಣಿಸಿ, ಅಂದಾಜು ಬೆಲೆ ಕಟ್ಟಿ ಸಹಿ ಹಾಕಿದರೆ ಫೀಲ್ಡ್ ಆಫೀಸರರ ಕೆಲಸ ಮುಗಿಯಿತು. 1980ರ ದಶಕದ ಕೊನೆಯಲ್ಲಿ ಚನ್ನಪಟ್ಟಣದ ಶಾಖೆಯೊಂದಕ್ಕೆ ಆ ಹುದ್ದೆಯ ಮೇಲೆ ಬಂದ ತರುಣ ಅಧಿಕಾರಿ ಹಾಗೆಯೇ ಎಣಿಸುತ್ತ ಹೋಗುತ್ತಿದ್ದರು. ಆಗಿನ್ನೂ ಆ ಊರು ಬೆಂಗಳೂರು ಗ್ರಾಮಾಂತರ ಜಿಲ್ಲೆಯಲ್ಲಿತ್ತು. ರಾಮನಗರ ಜಿಲ್ಲೆಯಾದದ್ದು 2007ರಲ್ಲಿ. ಗಲ್ಲಿಗಲ್ಲಿಗೂ ಲೇತಿನ ಸದ್ದು, ಬಿಸಿಯಾದ ಅರಗಿನ ವಾಸನೆ, ಬಾಗಿಲ ಬಳಿ ಮೊಣಕಾಲೆತ್ತರ ಮರದ ಹೊಟ್ಟು.

ಒಂದು ಮನೆಯ ಹಿಂದೆ, ಹೆಂಚಿನ ಇಳಿಮಾಡಿನ ಕೆಳಗೆ, ತೊಗಟೆ ಸುಲಿದ ಬಿಳಿಯ ತುಂಡುಗಳನ್ನು ಒಂದು ಸಾಲು ಉದ್ದಕ್ಕೆ, ಮೇಲಿನದು ಅಡ್ಡಕ್ಕೆ ಎಂಬಂತೆ ಪೇರಿಸಿದ್ದರು. ಅಧಿಕಾರಿ ಪೆನ್ನು ತೆಗೆದರು. ಮನೆಯ ಯಜಮಾನರು, ಹಲವು ದಶಕ ಉಳಿ ಹಿಡಿದ ಹಿರಿಯ ಕುಶಲಕರ್ಮಿ, ತಡೆದರು.

"ಅದನ್ನ ಬರ್ಕೋಬೇಡಿ ಸಾರ್. ಅದು ಇನ್ನೂ ಮರ ಆಗಿಲ್ಲ."

"ಮರ ಅಲ್ದೆ ಇನ್ನೇನು ಸಾಹೇಬ್ರೇ?"

"ನೀರು ಸಾರ್. ಮುಕ್ಕಾಲು ಪಾಲು ನೀರು."

ಮುಕ್ಕಾಲು ಪಾಲು ಎಂಬುದು ಬಾಯಿಮಾತಿನ ಉತ್ಪ್ರೇಕ್ಷೆ. ಆದರೆ ಬಹಳ ದೂರದ್ದಲ್ಲ. ಆಗಷ್ಟೇ ಕಡಿದ ಎಷ್ಟೋ ಜಾತಿಯ ಮರಗಳಲ್ಲಿ ತೂಕದ ಅರ್ಧದಷ್ಟು ನೀರೇ ಇರುತ್ತದೆ. ಅಂದು ಅಧಿಕಾರಿ ಆ ಅಟ್ಟಿಯನ್ನು ಕಚ್ಚಾ ಸರಕಿನ ಕೆಳಗೇ ಬರೆದುಕೊಂಡರು, ಬೇರೆ ದಾರಿಯಿರಲಿಲ್ಲ. ಕುತೂಹಲ ಮಾತ್ರ ಬಿಡಲಿಲ್ಲ. ಮುಂದಿನ ಕೆಲವು ವರ್ಷ ಕಚೇರಿ ಮುಗಿದ ಮೇಲೆ ಆ ಮನೆಯ ಲೇತಿನ ಪಕ್ಕದ ಸ್ಟೂಲೇ ಅವರ ಸಂಜೆಯ ಠಾವು. ಇಂದು ಮೈಸೂರಿನಲ್ಲಿ ನಿವೃತ್ತ ಜೀವನ ನಡೆಸುತ್ತ, ಮನೆಯ ಶೆಡ್ಡಿನಲ್ಲಿ ಬಟ್ಟಲು, ಭರಣಿ ಕಡೆಯುವ ಅವರ ಮಾತು ಎಲ್ಲಿ ಶುರುವಾದರೂ ಕೊನೆಗೆ ನೀರಿಗೇ ಬಂದು ನಿಲ್ಲುತ್ತದೆ.

ಚನ್ನಪಟ್ಟಣದವರು ಹೆಚ್ಚಾಗಿ ಬಳಸುತ್ತಿದ್ದದ್ದು ಆಲೆ ಮರ. ಹಾಲೆ ಎನ್ನುವವರೂ ಇದ್ದಾರೆ. ಸಸ್ಯಶಾಸ್ತ್ರಕ್ಕೆ ಅದು ರೈಟಿಯಾ ಟಿಂಕ್ಟೋರಿಯಾ. ಗಾಯ ಮಾಡಿದರೆ ಬಿಳಿ ಹಾಲು ಸುರಿಸುವ, ಜೋಡಿ ಜೋಡಿಯಾಗಿ ಉದ್ದನೆಯ ಕಾಯಿ ಬಿಡುವ ಸಣ್ಣ ಮರ. ದಂತದ ಬಣ್ಣ, ಒಂದೇ ಸಮನಾದ ನುಣುಪು ಎಳೆ. ಇದೇ ಮರವನ್ನು ತೆಲುಗರು ಅಂಕುಡು ಎನ್ನುತ್ತಾರೆ. ಆಂಧ್ರದ ವರಾಹ ನದಿಯ ದಂಡೆಯ ಏಟಿಕೊಪ್ಪಾಕದಲ್ಲಿ ಅರಗಿನ ಗೊಂಬೆಗಳಾಗುವುದೂ ಇದೇ. ಅಲ್ಲಿನ ಸಿ.ವಿ. ರಾಜು ಅವರಿಗೆ 2023ರಲ್ಲಿ ಪದ್ಮಶ್ರೀ ಬಂದಾಗ ಮೈಸೂರಿನ ಈ ಶೆಡ್ಡಿನಲ್ಲೂ ಸಿಹಿ ಹಂಚಿಕೆಯಾಯಿತು.

ಆಲೆಯನ್ನು ಏಕೆ ಆರಿಸಿಕೊಂಡರು ಎಂದು ಕೇಳಿದರೆ ಬಣ್ಣ ಚೆನ್ನಾಗಿ ಹಿಡಿಯುತ್ತದೆ, ಹಗುರ, ಉಳಿಗೆ ಮೆತ್ತಗೆ ಸಿಗುತ್ತದೆ ಎಂದು ಎಲ್ಲರೂ ಹೇಳುತ್ತಾರೆ. ನಿವೃತ್ತ ಅಧಿಕಾರಿಯ ವಾದ ಇನ್ನೊಂದು: ಅದು ಬಡವರ ಮರ, ಬೇಗ ಒಣಗುವ ಮರ. ದಿಮ್ಮಿಯಲ್ಲ, ತೋಳು ಗಾತ್ರದ ಕೊಂಬೆ, ಗಳು. ತೊಗಟೆ ಸುಲಿದು ನೆರಳಲ್ಲಿ ಅಟ್ಟಿ ಹಾಕಿದರೆ ಎರಡು ಮೂರು ತಿಂಗಳಲ್ಲಿ ಕೆಲಸಕ್ಕೆ ಬರುತ್ತದೆ. ತೇಗದ ಹಲಗೆಯನ್ನು ಗಾಳಿಯಲ್ಲೇ ಒಣಗಿಸುವ ಬಡಗಿಗಳ ಹಳೆಯ ಲೆಕ್ಕ ಒಂದು ಅಂಗುಲ ದಪ್ಪಕ್ಕೆ ಒಂದು ವರ್ಷ. ವರ್ಷಗಟ್ಟಲೆ ದುಡ್ಡನ್ನು ಅಟ್ಟಿಯಲ್ಲಿ ಮಲಗಿಸುವ ತಾಕತ್ತು ಇಡೀ ಗಲ್ಲಿಯಲ್ಲಿ ಯಾರಿಗಿತ್ತು? ಶನಿವಾರ ವ್ಯಾಪಾರಿ ಬಂದು ಮಾಲು ಎತ್ತಿದರೆ ಭಾನುವಾರ ಮನೆಗೆ ಮಾಂಸ. ಮರ ಒಣಗಲು ಬೇಕಾದ ಕಾಲವೂ ಬಂಡವಾಳವೇ ಎಂಬುದು ಬ್ಯಾಂಕಿಗೆ ತಿಳಿಯದಿದ್ದರೂ ಆ ಗಲ್ಲಿಗೆ ತಿಳಿದಿತ್ತು. ಅದಕ್ಕೇ ಸಣ್ಣ ಗಾತ್ರದ ಮರ, ಸಣ್ಣ ಗಾತ್ರದ ಮಾಲು: ಗಿಲಕಿ, ಬುಗುರಿ, ಬಳೆ, ಕುಂಕುಮದ ಭರಣಿ, ಚೆಸ್ ಕಾಯಿ. ಗೊಂಬೆಯ ಆಕಾರ ಕಲೆಗಾರರ ಕಲ್ಪನೆಯಿಂದ ಬಂತು ಎನ್ನುವುದು ನಿಜ. ಅದರ ಅಳತೆ ಬಂದದ್ದು ಮಾತ್ರ ಒಣಗುವ ವೇಗದಿಂದ ಎಂದು ಅವರು ಪಟ್ಟು ಹಿಡಿಯುತ್ತಾರೆ. ಪೂರ್ತಿ ಒಪ್ಪದಿದ್ದರೂ ಸುಲಭವಾಗಿ ತಳ್ಳಿಹಾಕುವ ಮಾತಲ್ಲ.

ಒಣಗಿಸದೆ ಕಡೆದರೇನಾಗುತ್ತದೆ? ಹಸಿ ಮರ ಉಳಿಗೆ ಸುಖ. ಉದ್ದುದ್ದ ಸುರುಳಿ ಬರುತ್ತದೆ, ಧೂಳಿಲ್ಲ, ಉಳಿಯ ಬಾಯಿ ಬೇಗ ಮೊಂಡಾಗುವುದಿಲ್ಲ. ತಕರಾರು ಬರುವುದು ಅರಗು ಬಳಿಯುವಾಗ. ಚನ್ನಪಟ್ಟಣದ ಕೆಲಸದಲ್ಲಿ ಬ್ರಷ್ಷಿಲ್ಲ. ಬಣ್ಣ ಬೆರೆಸಿದ ಅರಗಿನ ಕಡ್ಡಿಯನ್ನು ತಿರುಗುವ ಮರಕ್ಕೆ ಒತ್ತಿ ಹಿಡಿಯುತ್ತಾರೆ. ಉಜ್ಜುವಿಕೆಯ ಶಾಖಕ್ಕೇ ಅರಗು ಕರಗಿ ಮೈಗೆ ಹತ್ತುತ್ತದೆ. ಆಮೇಲೆ ಕೇದಗೆ ಜಾತಿಯ ಗಿಡದ ಒಣ ಎಲೆ ಒತ್ತಿ ಹಿಡಿದರೆ ಬಣ್ಣ ಸಮನಾಗಿ ಹರಡಿ ಕನ್ನಡಿಯ ಹೊಳಪು. ಮರದ ಮೈಯಲ್ಲಿ ನೀರಿದ್ದರೆ ಅದೇ ಶಾಖಕ್ಕೆ ಆವಿಯಾಗಿ ಹೊರಗೆ ಬರಲು ನೋಡುತ್ತದೆ. ಅರಗು ಸರಿಯಾಗಿ ಕಚ್ಚುವುದಿಲ್ಲ, ಗುಳ್ಳೆ ಏಳುತ್ತದೆ. ಅಂದು ಹೇಗೋ ಕಚ್ಚಿದರೂ ಒಳಗಿನ ಮರ ಆಮೇಲೆ ಕುಗ್ಗುತ್ತದೆ, ಮೇಲಿನ ಅರಗಿನ ಪದರ ಕುಗ್ಗದು, ಕೂದಲೆಳೆಯ ಬಿರುಕುಗಳು ಮೂಡುತ್ತವೆ.

ಒಣಗಿತೇ ಎಂದು ನೋಡಲು ಹಿರಿಯರ ಬಳಿ ಯಂತ್ರವಿರಲಿಲ್ಲ. ಎರಡು ತುಂಡು ಎತ್ತಿ ಒಂದಕ್ಕೊಂದು ತಟ್ಟುತ್ತಿದ್ದರು. ಹಸಿಯದು ಮಂಕಾಗಿ 'ದಬ್' ಎನ್ನುತ್ತದೆ, ಒಣಗಿದ್ದು 'ಟಣ್' ಎನ್ನುತ್ತದೆ. ಕೊಯ್ದ ಮುಖವನ್ನು ಕೆನ್ನೆಗೆ ತಾಗಿಸುತ್ತಿದ್ದರು. ತಣ್ಣಗಿದ್ದರೆ ಇನ್ನೂ ನೀರು ಆರುತ್ತಿದೆ ಎಂದರ್ಥ. ಮೂರನೆಯದು ಅಂಗೈ ಲೆಕ್ಕ, ಬರೀ ತೂಕ. ಅಧಿಕಾರಿ ಒಮ್ಮೆ ಪಕ್ಕದ ದಿನಸಿ ಅಂಗಡಿಯಿಂದ ತಕ್ಕಡಿ ತರಿಸಿ ಪರೀಕ್ಷೆಗಿಳಿದರು. ಹಿರಿಯರು 'ಆಗಿದೆ' ಎಂದ ತುಂಡುಗಳ ತೂಕ ವಾರ ಕಳೆದರೂ ಕದಲಲಿಲ್ಲ. 'ಇನ್ನೂ ಬೇಕು' ಎಂದವು ಇಳಿಯುತ್ತಲೇ ಇದ್ದವು.

ಈ ಅಂಗೈ ಲೆಕ್ಕದ ಹಿಂದೆ ಯಾವ ಶಾಸ್ತ್ರವಿದೆ ಎಂದು ತಿಳಿಯಲು ಅವರು ಹೋದದ್ದು ಬೆಂಗಳೂರಿನ ಮಲ್ಲೇಶ್ವರಕ್ಕೆ. ಅಲ್ಲಿನ 18ನೇ ಕ್ರಾಸಿನಲ್ಲಿ 1938ರಲ್ಲಿ ಅರಣ್ಯ ಸಂಶೋಧನಾ ಪ್ರಯೋಗಾಲಯವಾಗಿ ಶುರುವಾದ ಸಂಸ್ಥೆಯೇ ಈಗಿನ ಮರ ವಿಜ್ಞಾನ ಮತ್ತು ತಂತ್ರಜ್ಞಾನ ಸಂಸ್ಥೆ. ಅಲ್ಲೊಬ್ಬರು ಸಹನೆಯಿಂದ ಕೂರಿಸಿಕೊಂಡು ವಿವರಿಸಿದರು. ಮರದ ಒಂದು ಸಣ್ಣ ಚೂರು ತೂಗಬೇಕು. 103 ಡಿಗ್ರಿ ಸೆಲ್ಸಿಯಸ್‌ನ ಒಲೆಯಲ್ಲಿಟ್ಟು ತೂಕ ಇಳಿಯುವುದು ನಿಲ್ಲುವ ತನಕ ಒಣಗಿಸಬೇಕು. ಹೋದ ನೀರಿನ ತೂಕವನ್ನು ಒಣ ಮರದ ತೂಕದಿಂದ ಭಾಗಿಸಿ ನೂರರಿಂದ ಗುಣಿಸಬೇಕು. 150 ಗ್ರಾಮಿನ ಚೂರು ಒಣಗಿ 100 ಗ್ರಾಮಾದರೆ ತೇವಾಂಶ ಶೇ 50. ಭಾಗಿಸುವುದು ಒಣ ತೂಕದಿಂದ, ಹಾಗಾಗಿ ಕೆಲವು ಹಸಿ ಮರಗಳ ತೇವಾಂಶ ಶೇ 100 ದಾಟುತ್ತದೆ. ಬ್ಯಾಂಕಿನವರಿಗೆ ಇದು ಮೊದಲು ಗಂಟಲಲ್ಲಿ ಇಳಿಯಲಿಲ್ಲ. ನೂರಕ್ಕಿಂತ ಹೆಚ್ಚು ಶೇಕಡಾ ಅವರು ಕಂಡದ್ದು ಖಾಸಗಿ ಲೇವಾದೇವಿಗಾರರ ಬಡ್ಡಿಯಲ್ಲಿ ಮಾತ್ರ.

ಇನ್ನೊಂದು ಸಂಗತಿ ಅವರ ಇಡೀ ಹವ್ಯಾಸದ ತಳಪಾಯವಾಯಿತು. ಮರದಲ್ಲಿ ನೀರು ಎರಡು ಕಡೆ ಇರುತ್ತದೆ. ಕೋಶಗಳ ಟೊಳ್ಳಿನಲ್ಲಿ ತುಂಬಿದ್ದು ಒಂದು, ಕೋಶಗಳ ಗೋಡೆಯೊಳಗೆ ಹೊಕ್ಕು ಕೂತದ್ದು ಇನ್ನೊಂದು. ಟೊಳ್ಳಿನದು ಉಳಿತಾಯ ಖಾತೆಯ ಹಣದಂತೆ, ತೆಗೆದರೆ ಯಾರೂ ಕೇಳುವುದಿಲ್ಲ. ಗೋಡೆಯದು ಮುದ್ದತು ಠೇವಣಿ, ಅವಧಿಗೆ ಮುಂಚೆ ಮುರಿದರೆ ದಂಡ ಬೀಳುತ್ತದೆ ಎಂದು ಅವರು ಶೆಡ್ಡಿಗೆ ಬರುವ ಕಾಲೇಜು ಹುಡುಗರಿಗೆ ಹೇಳುತ್ತಾರೆ. ತೇವಾಂಶ ಶೇ 28-30ಕ್ಕೆ ಇಳಿಯುವ ತನಕ ಮರ ಹಗುರಾಗುತ್ತದೆಯೇ ಹೊರತು ಕುಗ್ಗುವುದಿಲ್ಲ. ಅಲ್ಲಿಂದ ಕೆಳಗೆ ಗೋಡೆಗಳೇ ಒಣಗತೊಡಗುತ್ತವೆ. ಕುಗ್ಗುವುದು, ಸೊಟ್ಟಗಾಗುವುದು, ಸೀಳುವುದು ಎಲ್ಲ ಆಗಲೇ.

ಕುಗ್ಗುವುದೂ ಎಲ್ಲ ದಿಕ್ಕಿಗೆ ಒಂದೇ ಸಮನಲ್ಲ. ನಾರಿನ ಉದ್ದಕ್ಕೆ ಇಲ್ಲವೆನ್ನುವಷ್ಟು ಕಡಿಮೆ. ತಿರುಳಿನಿಂದ ತೊಗಟೆಯ ಕಡೆಗೆ, ಅನೇಕ ಜಾತಿಗಳಲ್ಲಿ, ಶೇ 4ರ ಆಸುಪಾಸು. ಉಂಗುರಗಳ ಗುಂಟ ಅದರ ಸುಮಾರು ಇಮ್ಮಡಿ. ಸುತ್ತಳತೆ ಹೆಚ್ಚು ಕುಗ್ಗಬೇಕು, ತಿರುಳು ಅಷ್ಟು ಜಾಗ ಬಿಡುವುದಿಲ್ಲ; ಅದಕ್ಕೇ ಅಂಗಳದಲ್ಲಿ ಬಿದ್ದ ದುಂಡು ದಿಮ್ಮಿಯ ಮುಖದಲ್ಲಿ ನಡುವಿನಿಂದ ಅಂಚಿಗೆ ಸೀಳು ಬಾಯಿ ಬಿಡುತ್ತದೆ. ತೇಗಕ್ಕೆ ಅಷ್ಟು ಬೆಲೆ ಬಂದದ್ದರಲ್ಲಿ ಇದರ ಪಾಲೂ ಇದೆ: ಪೂರ್ತಿ ಒಣಗಿದರೂ ತಿರುಳಿನಿಂದ ಹೊರಕ್ಕೆ ಶೇ 2.5, ಉಂಗುರದ ಗುಂಟ ಶೇ 5.8ರಷ್ಟೇ ಕುಗ್ಗುವ ಮರ ಅದು. ಹಸಿ ತೇಗ ನೀರಿನಲ್ಲಿ ತೇಲದು. ಬರ್ಮಾದಲ್ಲಿ ನಿಂತ ಮರದ ಬುಡದಲ್ಲೇ ಸುತ್ತಲೂ ಬಳೆಯಾಕಾರದಲ್ಲಿ ಕಚ್ಚು ಹೊಡೆದು, ಎರಡು ಮೂರು ವರ್ಷ ನಿಂತಲ್ಲೇ ಒಣಗಿಸಿ, ಆಮೇಲೆ ಕಡಿದು ಹೊಳೆಗೆ ತೇಲಿಬಿಡುತ್ತಿದ್ದರು. ಅಷ್ಟು ವರ್ಷ ಕಾಯುವ ಬಂಡವಾಳ ದೊಡ್ಡ ಕಂಪನಿಗಳಿಗಿತ್ತು, ಆ ಮಾತು ಬೇರೆ.

ಚನ್ನಪಟ್ಟಣದಿಂದ ವರ್ಗವಾಗಿ ಅವರು ಹೋದದ್ದು ಮಲೆನಾಡಿಗೆ. ಅಲ್ಲಿ ಮರ ಒಣಗಿಸುವ ಮೊದಲು ಮುಳುಗಿಸುವವರನ್ನು ಕಂಡರು. ಹಲಸಿನ ದಿಮ್ಮಿಯನ್ನು ತೋಟದ ಕೆರೆಯಲ್ಲಿ ತಿಂಗಳುಗಟ್ಟಲೆ ಮುಳುಗಿಸಿಟ್ಟು, ಎತ್ತಿ, ಕೊಟ್ಟಿಗೆಯಲ್ಲಿ ಮಲಗಿಸುತ್ತಿದ್ದರು. ಒಣಗಬೇಕಾದದ್ದನ್ನು ನೀರಿಗೆ ಹಾಕುವುದು ಹುಚ್ಚಾಟದಂತೆ ಕಂಡರೂ ಅದರಲ್ಲಿ ಅರ್ಥವಿದೆ. ಮುಳುಗಿದ ಮರದ ತುದಿ ಬಿರಿಯುವುದಿಲ್ಲ, ಹುಳುವಿಗೆ ಆಹಾರವಾಗುವ ಪಿಷ್ಟ, ಸಕ್ಕರೆಯ ಅಂಶ ಒಂದಿಷ್ಟು ಕರಗಿ ಹೋಗುತ್ತದೆ. ಬಿದಿರನ್ನು ನೀರಲ್ಲಿ ನೆನೆಹಾಕುವುದೂ ಇದಕ್ಕೇ. ಅಮಾವಾಸ್ಯೆಯ ಹತ್ತಿರ ಕಡಿದರೆ ಹುಳು ಬರುವುದಿಲ್ಲ ಎಂಬ ನಂಬಿಕೆ ಅಲ್ಲಿ ಗಟ್ಟಿ. ಚಂದ್ರನ ಪಾತ್ರವನ್ನು ಅವರು ಒಪ್ಪುವುದಿಲ್ಲ, ಪಿಷ್ಟದ ಪಾತ್ರವನ್ನು ಒಪ್ಪುತ್ತಾರೆ: ಮರವನ್ನು ಹಿಟ್ಟು ಮಾಡುವ ಹುಳುಗಳಲ್ಲಿ ಒಂದು ಜಾತಿ ಹೊರಗಿನ ಬಿಳಿ ಮರದ ಪಿಷ್ಟವನ್ನೇ ಹುಡುಕಿ ಬರುತ್ತದೆ. ಈ ವಿಷಯದಲ್ಲಿ ತೋಟದ ಯಜಮಾನರೊಂದಿಗೆ ಅವರು ನಡೆಸಿದ ವಾದಗಳು ಸಾಲ ವಸೂಲಿಗಿಂತ ಹೆಚ್ಚು ಹೊತ್ತು ನಡೆದಿವೆ.

ಮುಂದಿನ ವರ್ಗ ಬಯಲುಸೀಮೆಗೆ, ರಾಯಚೂರಿನ ಕಡೆಗೆ. ಅಲ್ಲಿ ಬೇಸಿಗೆಯಲ್ಲಿ ರೈತರು ಎತ್ತಿನ ಗಾಡಿಯ ಚಕ್ರಗಳ ಮೇಲೆ ನೀರು ಸುರಿಯುತ್ತಿದ್ದರು. ಕೆಲವರು ಚಕ್ರ ಕಳಚಿ ಹಳ್ಳದಲ್ಲೇ ಮಲಗಿಸುತ್ತಿದ್ದರು. ಬಿಸಿಲಿಗೆ ಅರೆಗಳೂ ವರ್ತುಲದ ತುಂಡುಗಳೂ ಕುಗ್ಗಿ ಕಬ್ಬಿಣದ ಪಟ್ಟಿ ಸಡಿಲವಾಗುತ್ತದೆ. ನೀರು ಕುಡಿಸಿದರೆ ಉಬ್ಬಿ ಬಿಗಿಯಾಗುತ್ತದೆ. ಒಂದೇ ರಾಜ್ಯದ ಒಂದು ಮೂಲೆಯಲ್ಲಿ ನೀರು ಹೊರಹಾಕುವ ಪಾಡು, ಇನ್ನೊಂದರಲ್ಲಿ ಒಳಹಾಕುವ ಪಾಡು.

ಇಲ್ಲಿಂದಲೇ ಅವರಿಗೆ ಎರಡನೆಯ ಪಾಠ ಸಿಕ್ಕಿತು. ಮರ ಒಂದು ಸಲ ಒಣಗಿ ಮುಗಿಯುವ ವಸ್ತುವಲ್ಲ. ಸುತ್ತಲಿನ ಗಾಳಿಯ ಜೊತೆ ಅದರ ಕೊಡುಕೊಳ್ಳುವಿಕೆ ಸದಾ ನಡೆದೇ ಇರುತ್ತದೆ. ನಮ್ಮ ಸಾಧಾರಣ ಉಷ್ಣತೆಯಲ್ಲಿ, ಗಾಳಿಯ ಆರ್ದ್ರತೆ ಶೇ 30 ಇದ್ದರೆ ಮರ ಶೇ 6ರ ತೇವಾಂಶಕ್ಕೆ ಇಳಿದು ನಿಲ್ಲುತ್ತದೆ. ಶೇ 50 ಇದ್ದರೆ 9ಕ್ಕೆ, 65ಕ್ಕೆ 12, 80ಕ್ಕೆ 16, 90ಕ್ಕೆ 20. ಆಷಾಢದ ಮಂಗಳೂರಿನಲ್ಲಿ ಒಣಗಿತು ಎಂದು ಕೈತೊಳೆದುಕೊಂಡ ತುಂಡನ್ನು ಚೈತ್ರದ ಕಲಬುರಗಿಗೆ ಒಯ್ದರೆ ಅದು ಮತ್ತೆ ಹಸಿ ಮರವೇ. ಎಲ್ಲಿ ಬಳಕೆಯಾಗುತ್ತದೋ ಅಲ್ಲಿನ ಗಾಳಿಗೆ ಹೊಂದುವಷ್ಟು ಒಣಗಿಸಬೇಕು ಎಂಬ ತತ್ವದ ಮೇಲೆಯೇ ಭಾರತೀಯ ಮಾನಕ ಸಂಸ್ಥೆ ಐಎಸ್ 287ರಲ್ಲಿ ದೇಶವನ್ನು ಆರ್ದ್ರತೆಯ ಪ್ರಕಾರ ನಾಲ್ಕು ವಲಯಗಳಾಗಿ ಹಂಚಿ, ಯಾವ ಬಳಕೆಗೆ ಎಷ್ಟು ತೇವಾಂಶ ಇರಬಹುದೆಂದು ಪಟ್ಟಿ ಮಾಡಿದೆ.

2000-01ರಲ್ಲಿ ಸರ್ಕಾರಿ ಬ್ಯಾಂಕುಗಳು ಸ್ವಯಂ ನಿವೃತ್ತಿ ಯೋಜನೆ ತಂದಾಗ ಅವರು ಅರ್ಜಿ ಹಾಕಿದರು. ಬಂದ ಹಣದಲ್ಲಿ ಮನೆಯವರ ಕಣ್ಣು ತಪ್ಪಿಸಿಯೇನಲ್ಲ, ಜಗಳವಾಡಿಯೇ ಒಂದು ಲೇತ್ ಕೊಂಡರು. ಮೈಸೂರಿನಲ್ಲಿ ಮಳೆಗಾಳಿಗೆ ಬಿದ್ದ ಮರಗಳಿಗೆ, ರಸ್ತೆ ಅಗಲೀಕರಣಕ್ಕೆ ಕಡಿದ ಮರಗಳಿಗೆ ಕೊರತೆಯಿಲ್ಲ. ಹಲಸು, ಮಾವು, ಬೇವು, ಮಳೆಮರ, ಸಿಲ್ವರ್ ಓಕ್. ಸೌದೆಯ ಬೆಲೆಗೆ ಸಿಗುತ್ತಿದ್ದವು, ಆದರೆ ಎಲ್ಲವೂ ಹಸಿ, ಎಲ್ಲವೂ ದಪ್ಪ. ಬಟ್ಟಲು ಮಾಡುವಷ್ಟು ದಪ್ಪದ ತುಂಡು ಹಾಗೇ ಒಣಗಲಿ ಎಂದು ಇಟ್ಟರೆ ನಾಲ್ಕಾರು ವರ್ಷ ಬೇಕು, ಒಣಗುವಷ್ಟರಲ್ಲಿ ಸೀಳಿಯೂ ಹೋಗುತ್ತದೆ. ಹೊರಮೈ ಒಣಗಿ ಕುಗ್ಗಲು ಹೊರಟಾಗ ಒಳಗೆ ಇನ್ನೂ ನೀರು ತುಂಬಿದ್ದು ಜಗ್ಗುವುದಿಲ್ಲ. ಬಿಸಿಲಿಗೆ ಹಾಕಿದರಂತೂ ಒಂದೇ ಮಧ್ಯಾಹ್ನಕ್ಕೆ 'ಫಟ್'.

ಇದಕ್ಕೆ ಜಗತ್ತಿನ ಬಟ್ಟಲು ಕಡೆಯುವವರು ಕಂಡುಕೊಂಡ ಉಪಾಯ ಎರಡು ಕಂತಿನ ಕೆಲಸ. ದಿಮ್ಮಿಯನ್ನು ತಿರುಳಿನ ಗುಂಟ ಎರಡು ಹೋಳು ಮಾಡಿ, ತಿರುಳನ್ನು ಪೂರ್ತಿ ತೆಗೆದು, ಹಸಿಯಾಗಿರುವಾಗಲೇ ದಪ್ಪಗೆ ಕಡೆಯುವುದು. ಗೋಡೆಯ ದಪ್ಪ ಬಟ್ಟಲಿನ ಅಗಲದ ಹತ್ತನೇ ಒಂದು ಪಾಲು: 30 ಸೆಂಟಿಮೀಟರ್ ಬಟ್ಟಲಿಗೆ 3 ಸೆಂಟಿಮೀಟರ್. ಈಗ ನೀರು ಹೊರಬರಬೇಕಾದ ದೂರವೇ ಸಣ್ಣದಾಯಿತು. ಒಣಗಿದಾಗ ಅದು ಮೊಟ್ಟೆಯಾಕಾರಕ್ಕೆ ತಿರುಗುತ್ತದೆ. ನಾರಿನ ಉದ್ದಕ್ಕೆ 30 ಹಾಗೆಯೇ ಉಳಿದು, ಅಡ್ಡಕ್ಕೆ 28½ರ ಹತ್ತಿರ ಬರುತ್ತದೆ. ದಪ್ಪ ಬಿಟ್ಟಿರುವುದೇ ಇದಕ್ಕೆ. ಮತ್ತೆ ಲೇತಿಗೇರಿಸಿ ದುಂಡಗೆ ಕಡೆದು ತೆಳ್ಳಗೆ ಮಾಡಬಹುದು.

ಮೊದಲ ಕಂತಿನ ಕಡೆತ ನೋಡಬೇಕಾದದ್ದು. ಹೊಸದಾಗಿ ಕಡಿದ ಹಲಸು ವೇಗವಾಗಿ ತಿರುಗಿದಾಗ ಮರದಿಂದ ನೀರು ಚಿಮ್ಮುತ್ತದೆ. ಶೆಡ್ಡಿನ ಗೋಡೆಯ ಮೇಲೆ ಎದೆಯೆತ್ತರಕ್ಕೆ ಹಳದಿಯ ಒಂದು ಪಟ್ಟಿಯೇ ಮೂಡಿದೆ. ಅಂಗಿ, ಕನ್ನಡಕ, ಹುಬ್ಬು ಎಲ್ಲ ಒದ್ದೆ. ಕೆಲಸ ಮುಗಿದ ತಕ್ಷಣ ಲೇತಿನ ಕಬ್ಬಿಣದ ಮೈ ಒರೆಸದಿದ್ದರೆ ಬೆಳಗಾಗುವಷ್ಟರಲ್ಲಿ ತುಕ್ಕು. ಹೆಂಡತಿಯ ಹಳೆಯ ಕಾಟನ್ ಸೀರೆಗಳು ಹೋದದ್ದೆಲ್ಲಿಗೆ ಎಂಬ ಪ್ರಶ್ನೆಗೆ ಉತ್ತರ ಅಲ್ಲಿದೆ.

ಕಡೆದದ್ದನ್ನು ಎಲ್ಲೆಂದರಲ್ಲಿ ಇಡುವಂತಿಲ್ಲ. ನಾರು ಕತ್ತರಿಸಿದ ಮುಖದಿಂದ ನೀರು ಬದಿಯ ಮೈಗಿಂತ ಹತ್ತಾರು ಪಟ್ಟು ವೇಗವಾಗಿ ಹೋಗುತ್ತದೆ. ಆ ಮುಖಗಳಿಗೆ ಕರಗಿಸಿದ ಮೇಣ ಬಳಿಯುತ್ತಾರೆ. ವಿದೇಶದಲ್ಲಿ ಇದಕ್ಕೆಂದೇ ಡಬ್ಬಿಯಲ್ಲಿ ಬರುವ ಮೇಣದ ದ್ರಾವಣವಿದೆ. ನಮ್ಮ ಸಾಮಿಲ್‌ಗಳಲ್ಲಿ ಟಾರು, ಉಳಿದ ಪೇಂಟು, ಕೆಲವೆಡೆ ಸಗಣಿ ಬಳಿಯುವುದೂ ಇದೇ ಉದ್ದೇಶಕ್ಕೆ. ಆಮೇಲೆ ಬಟ್ಟಲನ್ನು ಅದರದೇ ಸುರುಳಿಗಳ ಜೊತೆ ಕಾಗದದ ಚೀಲದಲ್ಲಿ ಹಾಕಿ ಗಾಳಿಯಾಡದ ಮೂಲೆಯಲ್ಲಿಡುತ್ತಾರೆ. ಪ್ಲಾಸ್ಟಿಕ್ ಚೀಲವಾದರೆ ಬೂಷ್ಟು ಖಚಿತ. ಮೈಸೂರಿನ ಮಳೆಗಾಲದಲ್ಲಿ ಕಾಗದದ ಚೀಲವನ್ನೂ ಬಿಚ್ಚಿ ಗಾಳಿಗಿಡಬೇಕಾಗುತ್ತದೆ. ಫೆಬ್ರುವರಿ, ಮಾರ್ಚಿನಲ್ಲಿ ಎರಡು ಚೀಲ ಹಾಕಿದರೂ ಕಡಿಮೆ.

ಪ್ರತಿ ಬಟ್ಟಲಿನ ತಳಕ್ಕೆ ಪೆನ್ಸಿಲಿನಿಂದ ಒಂದು ಸಂಖ್ಯೆ. ಉದ್ದನೆಯ ಲೆಡ್ಜರ್ ಪುಸ್ತಕದಲ್ಲಿ ಆ ಸಂಖ್ಯೆಗೊಂದು ಪುಟ: ಜಾತಿ, ಎಲ್ಲಿ ಬಿದ್ದ ಮರ, ಕಡೆದ ದಿನದ ತೂಕ, ಆಮೇಲೆ ವಾರವಾರದ ತೂಕ. ಮೊದಮೊದಲು ತೂಕ ಸರಸರನೆ ಇಳಿಯುತ್ತದೆ, ಆಮೇಲೆ ಆಮೆಗತಿ, ಕೊನೆಗೆ ಒಂದೇ ಅಂಕಿ ಮತ್ತೆ ಮತ್ತೆ. ಆಗಲೂ ಅವಸರವಿಲ್ಲ. ಜುಲೈಯಲ್ಲಿ ನಿಂತ ತೂಕ ಮಳೆಗಾಲದ ತೂಕ. ಮಾರ್ಚಿಗೆ ಮತ್ತೆ ಇಳಿಯುತ್ತದೆ. ಎರಡು ಮೊನೆ ಚುಚ್ಚಿ ವಿದ್ಯುತ್ ರೋಧ ಅಳೆದು ತೇವಾಂಶ ತೋರಿಸುವ ಮೀಟರೂ ಅವರ ಬಳಿ ಇದೆ. ಶೇ 7ರಿಂದ 30ರ ತನಕ ಅದರ ಮಾತು ನಂಬಬಹುದು, ಅದಕ್ಕೂ ಮೇಲೆ ಹೋದರೆ ಅಂದಾಜು. ಮೊನೆ ತಲುಪಿದಷ್ಟೇ ಆಳದ ಸುದ್ದಿ ಅದು ಹೇಳುವುದು. ತಕ್ಕಡಿ ಇಡೀ ಬಟ್ಟಲಿನ ಸುದ್ದಿ ಹೇಳುತ್ತದೆ ಎಂದು ಅವರು ತಕ್ಕಡಿಯ ಪಕ್ಷ.

ಕಾಯುವುದನ್ನು ಕಡಿಮೆ ಮಾಡುವ ಬೇರೆ ದಾರಿಗಳನ್ನು ಅವರು ಓದಿ, ನೋಡಿ ಬಲ್ಲರು. ಮರವನ್ನು ಕುದಿಸುವವರಿದ್ದಾರೆ, ಮದ್ಯಸಾರದಲ್ಲಿ ನೆನೆಸುವವರಿದ್ದಾರೆ, ಮೈಕ್ರೋವೇವಿನಲ್ಲಿ ಸ್ವಲ್ಪ ಸ್ವಲ್ಪವೇ ಬಿಸಿಮಾಡಿ ಆರಲು ಬಿಡುವವರಿದ್ದಾರೆ. ಪಾಲಿಎಥಿಲೀನ್ ಗ್ಲೈಕಾಲ್ ಎಂಬ ಮೇಣದಂಥ ವಸ್ತುವಿನ ದ್ರಾವಣದಲ್ಲಿ ಹಸಿ ಮರ ನೆನೆಸಿದರೆ ಅದು ಕೋಶದ ಗೋಡೆಯಲ್ಲಿ ನೀರಿನ ಜಾಗ ಹಿಡಿದು ಕುಗ್ಗದಂತೆ ತಡೆಯುತ್ತದೆ. 1628ರಲ್ಲಿ ಮುಳುಗಿ 1961ರಲ್ಲಿ ಮೇಲೆತ್ತಿದ ಸ್ವೀಡನ್ನಿನ ವಾಸಾ ಹಡಗಿಗೆ ಇದನ್ನೇ 17 ವರ್ಷ ಸಿಂಪಡಿಸಿದರು. ಹಡಗಿಗೆ ಸರಿ, ಉಪ್ಪಿನಕಾಯಿ ಹಾಕುವ ಬಟ್ಟಲಿಗೆ ಯಾಕೆ ಬೇಕು ಎಂಬುದು ಅವರ ಪ್ರಶ್ನೆ. ಅವರು ಮೆಚ್ಚುವುದು ಇಂಗ್ಲೆಂಡಿನ ಚಿಲ್ಟರ್ನ್ ಬೆಟ್ಟಗಳ ಕಾಡಿನಲ್ಲಿ ಗುಡಿಸಲು ಹಾಕಿಕೊಂಡು ಕುರ್ಚಿಯ ಕಾಲು ಕಡೆಯುತ್ತಿದ್ದವರನ್ನು. ಬೀಚ್ ಮರ ಕಡಿದ ಜಾಗದಲ್ಲೇ ಹಸಿಯಾಗಿ ಸೀಳಿ, ಕಾಲಿನಿಂದ ತುಳಿಯುವ ಲೇತಿನಲ್ಲಿ ಕಡೆದು, ರಾಶಿ ಹಾಕಿ ಒಣಗಿಸಿ, ಹೈ ವಿಕಂಬ್ ಊರಿನ ಕುರ್ಚಿ ಕಾರ್ಖಾನೆಗಳಿಗೆ ಮಾರುತ್ತಿದ್ದರು. ತೋಳು ಗಾತ್ರದ ಕೆಲಸ, ಬೇಗ ಒಣಗುವ ಮಾಲು, ಕೈಯಲ್ಲಿ ಬೇಗ ಬರುವ ಕಾಸು. ಚನ್ನಪಟ್ಟಣದ ಗಲ್ಲಿಯ ಲೆಕ್ಕವೇ ಅಲ್ಲೂ.

ಈ ಲೆಕ್ಕ ಈಗ ಬದಲಾಗಿದೆ. ಕೆಲವು ವರ್ಷಗಳ ಹಿಂದೆ ಅವರು ಹಳೆಯ ಗಲ್ಲಿಗೆ ಹೋದಾಗ ಲೇತಿನ ಮುಂದೆ ಹಿರಿಯರ ಮೊಮ್ಮಗ ಕೂತಿದ್ದ. ಚನ್ನಪಟ್ಟಣದ ಗೊಂಬೆಗಳಿಗೆ 2005-06ರಲ್ಲೇ ಭೌಗೋಳಿಕ ಗುರುತು ಸಿಕ್ಕಿದೆ, ಹೊರದೇಶಕ್ಕೂ ಮಾಲು ಹೋಗುತ್ತದೆ. ಹಿತ್ತಲ ಅಟ್ಟಿ ಚಿಕ್ಕದಾಗಿದೆ. ಆಲೆಯ ಜೊತೆಗೆ ರಬ್ಬರ್ ಮರವೂ ಬರುತ್ತದೆ. ರಬ್ಬರ್ ಮರ ಆಲೆಯಂತೆ ತಾಳ್ಮೆ ತೋರುವುದಿಲ್ಲ. ಕಡಿದ ಕೆಲವೇ ದಿನಗಳಲ್ಲಿ ನೀಲಿ ಕಲೆ, ಹುಳು. ಕೂಡಲೇ ಕೊಯ್ದು, ಬೋರಾನ್ ಲವಣದ ದ್ರಾವಣ ಉಣಿಸಿ, ಉಗಿಯ ಶಾಖದ ಕೋಣೆಯಲ್ಲಿ ಒಣಗಿಸಬೇಕು. ಅದಕ್ಕೆ ಕಾರ್ಖಾನೆ ಬೇಕು. ಕಾಯುವ ಕೆಲಸ ಗಲ್ಲಿಯಿಂದ ಕಾರ್ಖಾನೆಗೆ ಹೋಯಿತು, ಅದರ ಬೆಲೆ ಮರದ ಬೆಲೆಯೊಳಗೆ ಸೇರಿಕೊಂಡು ಬರುತ್ತದೆ.

"ಒಣಗಿದ ಮಾಲು ಅಂತ ಕೊಡ್ತಾರೆ ಅಂಕಲ್," ಎಂದ ಹುಡುಗ. "ಮಳೇಲಿ ಲಾರಿ ಮೇಲೆ ಟಾರ್ಪಾಲಿಲ್ದೆ ಬಂದ್ರೆ ಏನ್ ಒಣಗಿದ್ದು?" ಎಂದು ಎರಡು ತುಂಡು ತೆಗೆದು ಒಂದಕ್ಕೊಂದು ತಟ್ಟಿ ತೋರಿಸಿದ.

ನಿವೃತ್ತ ಅಧಿಕಾರಿಯ ಮಗಳು ಇರುವುದು ಅಮೆರಿಕದ ಮಿನಿಯಾಪೊಲಿಸ್‌ನಲ್ಲಿ. ಹೊರಗೆ ಹಿಮ, ಒಳಗೆ ದಿನವಿಡೀ ಹೀಟರ್. ಚಳಿಗಾಲದಲ್ಲಿ ಮನೆಯೊಳಗಿನ ಗಾಳಿ ರಾಯಚೂರಿನ ಏಪ್ರಿಲಿಗಿಂತ ಒಣ. ಮೈಸೂರಿನಿಂದ ಒಯ್ದ ಲಟ್ಟಣಿಗೆ, ಮಣೆ, ತಬಲಾ ಎಲ್ಲಕ್ಕೂ ಅಲ್ಲಿ ಮೊದಲ ಚಳಿಗಾಲ ಪರೀಕ್ಷೆಯ ಕಾಲ ಎಂಬುದು ಅಲ್ಲಿನ ಕನ್ನಡಿಗರ ಮನೆಗಳಲ್ಲಿ ಅನುಭವದ ಮಾತು. ಮಗಳಿಗೆಂದು ಅವರು ಒಂದು ಹಲಸಿನ ಬಟ್ಟಲು, ಒಂದು ಕುಂಕುಮದ ಭರಣಿ ಕಳಿಸಿದ್ದರು. ಬಟ್ಟಲು 25 ಸೆಂಟಿಮೀಟರಿನದು. ಶೇ 11ರಿಂದ 6ಕ್ಕೆ ಇಳಿದರೆ ಅಡ್ಡಕ್ಕೆ ಮೂರು ನಾಲ್ಕು ಮಿಲಿಮೀಟರ್ ಕುಗ್ಗುತ್ತದೆ ಎಂದು ಮುಂಚೆಯೇ ಚೀಟಿ ಬರೆದಿಟ್ಟಿದ್ದರು. ಜನವರಿಯಲ್ಲಿ ಸ್ಕೇಲು ಇಟ್ಟು ತೆಗೆದ ಫೋಟೋ ಬಂತು: ಮೂರು.

ಭರಣಿಯದು ಬೇರೆ ದೂರು. "ಅಪ್ಪಾ, ಮುಚ್ಚಳ ಒಂದು ಸಲ ಸಲೀಸಾಗಿ ಕೂರುತ್ತೆ, ಇನ್ನೊಂದು ಸಲ ಸಿಕ್ಕಿಕೊಳ್ಳುತ್ತೆ."

ಮುಚ್ಚಳವೂ ತಳವೂ ಒಂದೇ ತುಂಡಿನಿಂದ ಕಡೆದವು. ಒಣ ಹವೆಯಲ್ಲಿ ಎರಡೂ ಒಂದಿಷ್ಟು ಮೊಟ್ಟೆಯಾಗುತ್ತವೆ, ಒಂದೇ ದಿಕ್ಕಿಗೆ ಮೊಟ್ಟೆಯಾಗುತ್ತವೆ. ಮರದಲ್ಲಿದ್ದಾಗ ಹೇಗಿದ್ದವೋ ಹಾಗೆ ಎಳೆಗೆ ಎಳೆ ಕೂಡಿಸಿದರೆ ಸರಿಹೊಂದುತ್ತವೆ; ಕಾಲು ಸುತ್ತು ತಿರುಗಿಸಿದರೆ ಒಂದರ ಉದ್ದ ಇನ್ನೊಂದರ ಅಗಲಕ್ಕೆ ಸಿಕ್ಕುತ್ತದೆ. ಅದಕ್ಕೆಂದೇ ಎರಡರ ಅಂಚಿಗೂ ಉಳಿಯ ತುದಿಯಿಂದ ಸಣ್ಣ ಗುರುತು ಹಾಕಿ ಕಳಿಸಿದ್ದರು.

"ಕನ್ನಡಕ ಹಾಕ್ಕೊಂಡು ನೋಡು ಮಗಳೇ, ಅಂಚಲ್ಲಿ ಎರಡು ಚುಕ್ಕೆ ಇದೆ. ಚುಕ್ಕೆಗೆ ಚುಕ್ಕೆ ಸೇರಿಸಿ ಮುಚ್ಚು."